ಆಫೀಸಿಗೆ ಓಡಿ ಕಳೆದುಹೋದ ವಕೀಲ

ನಮ್ಮ ಹಿತ್ತಲಿನ ಹರಿವೆ ಪಾತಿಗೆ ನನ್ನ ಸೊಸೆಯ ಮುಖವೇ ಬೇಲಿ. ತಮಾಷೆ ಅಲ್ಲ ಮಾರಾಯ್ರೆ. ಚುನಾವಣೆಗೆ ಅಂತ ಮಾಡಿಸಿದ ಪ್ಲಾಸ್ಟಿಕ್ ಬೋರ್ಡುಗಳು ಗರಾಜಿನಲ್ಲಿ ರಾಶಿ ಬಿದ್ದಿದ್ದವು. ಒಂದೊಂದಕ್ಕೂ ತಂತಿಯ ಎರಡು ಕಾಲು. ಎಸೆಯುವುದು ಎಂತಕ್ಕೆ ಅಂತ ಸಾಲಾಗಿ ಮಣ್ಣಿಗೆ ಊರಿದೆ. ಈಗ ವನಿತಾ ಹಲ್ಲು ಬಿಟ್ಟುಕೊಂಡು ಪಾತಿಯ ಸುತ್ತ ನಿಂತಿದ್ದಾಳೆ. ಮೊಲಗಳು ಬರುತ್ತವೆ, ಅವಳನ್ನು ನೋಡುತ್ತವೆ, ತಿರುಗಿ ಹೋಗುತ್ತವೆ.

"ಅತ್ತೆ, ಜನ ನೋಡಿದ್ರೆ ಏನಂದ್ಕೋತಾರೆ?" ಅಂತ ಅವಳು.

"ಜನ ನೋಡಿಯಾಯ್ತಲ್ಲ. ಈಗ ಮೊಲ ನೋಡಲಿ."

ಆ ಬೋರ್ಡು ಕಂಡಾಗೆಲ್ಲ ನನಗೆ ನೆನಪಾಗುವುದು ಒಬ್ಬ ವಕೀಲ. ಅಮೆರಿಕದವನು, ಆ ದೇಶಕ್ಕೂ ಈಗ ನಾವಿರುವ ಈ ದೇಶಕ್ಕೂ ನಡುವೆ ಇರುವ ದೊಡ್ಡ ಸರೋವರದ ಆಚೆ ದಡದವನು. ಸತ್ತು ನೂರು ವರ್ಷದ ಮೇಲಾಯ್ತು. ಅವನ ಹೆಸರು ಹೇಳಲು ಹೋದರೆ ನನ್ನ ಕಟ್ಟಿಸಿದ ಹಲ್ಲು ಜಾರುತ್ತದೆ, ಹಾಗಾಗಿ ನಾನು ವಕೀಲಪ್ಪ ಅನ್ನುವುದು. ಮೂರನೇ ಕ್ಲಾಸಿಗೆ ಶಾಲೆ ಬಿಟ್ಟ ಉಡುಪಿ ಕಡೆಯ ಮುದುಕಿಗೂ ಅಮೆರಿಕದ ವಕೀಲನಿಗೂ ಎಂತ ಸಂಬಂಧ ಅಂತ ಕೇಳಬೇಡಿ. ನನ್ನ ಗಂಡನ ಕಡೆಯವರಲ್ಲಿ ಅರ್ಧ ಜನರಿಗಿಂತ ಅವನ ಸುದ್ದಿ ನನಗೆ ಹೆಚ್ಚು ಗೊತ್ತುಂಟು, ಅಷ್ಟೇ.

ಶನಿವಾರ ಶನಿವಾರ ನಾವು ಮೂವರು ಹೆಂಗಸರು ಕಾರಿನಲ್ಲಿ ರಿಚ್ಮಂಡ್ ಹಿಲ್ಲಿನ ದೇವಸ್ಥಾನಕ್ಕೆ ಹೋಗುವುದು. ಭಕ್ತಿ ಅಂತ ತಿಳಿಯಬೇಡಿ, ಅಲ್ಲಿಯ ಕ್ಯಾಂಟೀನಿನ ಪುಳಿಯೋಗರೆ ಚೆನ್ನಾಗಿರುತ್ತದೆ. ಕಾರು ಬಿಡುವುದು ವನಿತಾ. ಮೊಣಕಾಲು ಮಡಚುವುದಿಲ್ಲ ಅಂತ ಮುಂದಿನ ಸೀಟು ನನಗೆ. ಹಿಂದೆ ಮೊಮ್ಮಗಳು ದಿಯಾ, ಆರನೇ ಕ್ಲಾಸು. ಮಗ ಹರೀಶನಿಗೆ ಒಶಾವಾದ ಕಾರ್ಖಾನೆಯಲ್ಲಿ ಶನಿವಾರವೂ ಶಿಫ್ಟು. ವನಿತಾ ಮೈಸೂರಿನವಳು, ಅವಳಿಗೆ ತುಳು ಬರುವುದಿಲ್ಲ. ಹಾಗಾಗಿ ನಮ್ಮ ಮನೆಯಲ್ಲಿ ಕನ್ನಡ. ನಾನು "ಎಂತ" ಅಂದರೆ ಅವಳು "ಏನು" ಅಂತ ತಿದ್ದುತ್ತಾಳೆ. ನಾನು ತಿದ್ದಿಸಿಕೊಳ್ಳುವುದಿಲ್ಲ.

ದಿಯಾಳ ಟೀಚರು ಒಂದು ಕೆಲಸ ಕೊಟ್ಟಿದ್ದರು. ಹಿಂದಿನ ಕಾಲದಲ್ಲಿ ಆಚೆ ದಡದಿಂದ ಗುಲಾಮರು ತಪ್ಪಿಸಿಕೊಂಡು ಈಚೆಗೆ ಬರುತ್ತಿದ್ದರಂತೆ, ಅವರಿಗೆ ಸಹಾಯ ಮಾಡಿದ ಯಾರಾದರೊಬ್ಬರ ಜೀವನ ತಿಳಿದುಕೊಂಡು ಬರಬೇಕು. ಇವಳು ಯಾರನ್ನೋ ಆರಿಸಿ, ಓದಿ ಹೇಳುವ ಕಥೆಯನ್ನು ಲೈಬ್ರರಿಯಿಂದ ಫೋನಿಗೆ ಇಳಿಸಿಕೊಂಡಳು. ಓದುವುದಕ್ಕೆ ಸೋಮಾರಿ, ನನ್ನ ಹಾಗೆ. ಕಾರಿನಲ್ಲಿ ಅದು ಇಂಗ್ಲಿಷಿನಲ್ಲಿ ಬಡಬಡ ಹೇಳುತ್ತದೆ. ವನಿತಾ ಅಕ್ಕಪಕ್ಕದ ಲಾರಿ ನೋಡಬೇಕು. ನನಗೆ ಕನ್ನಡ ಮಾಡಿ ಹೇಳುವ ಕೆಲಸ ಹಿಂದಿನ ಸೀಟಿನವಳದು. ದಿಯಾಳ ಕನ್ನಡ ಅಂದರೆ ಕೂಸಿಗೆ ಹಲ್ಲು ಬಂದ ಹಾಗೆ, ಅಲ್ಲೊಂದು ಇಲ್ಲೊಂದು.

"ಅಜ್ಜಿ, ಅವನ ಅಪ್ಪ ಶೂ ಮಾಡ್ತಿದ್ದ."

"ಚಪ್ಪಲಿ ಹೊಲಿಯುವವನಾ?"

"ಯಾ. ತುಂಬ ಪೂರ್. ಸ್ಕೂಲಿಗೆ ಹೋಗಿಲ್ಲ. ಮತ್ತೆ ಮಾತಾಡುವಾಗ ಮ್... ಮ್... ಮ್... ಅಂತ ಸ್ಟಕ್ ಆಗ್ತದೆ."

"ತೊದಲು."

"ಯಾ, ಅದು. ಆಮೇಲೆ ಅವನು ಆಫೀಸಿಗೆ ಓಡಿದ."

"ಯಾಕೆ ಓಡಿದ? ಹೊತ್ತಾಯ್ತಾ?"

"ಐ ಡೋಂಟ್ ನೋ, ಅಜ್ಜಿ. ಓಡಿದ. ಆಮೇಲೆ ಕಳೆದುಹೋದ."

ನನಗೆ ಚುರುಕ್ ಅಂತು. ಪಾಪ, ಬಡವನ ಮಗ, ಹೊತ್ತಾಯ್ತು ಅಂತ ಓಡಿದ್ದಾನೆ, ದಾರಿ ತಪ್ಪಿದೆ. ತೊದಲುವವನು ದಾರಿ ಕೇಳುವುದಾದರೂ ಹೇಗೆ? ಬೀದಿಯ ಹೆಸರು ಬಾಯಿಂದ ಹೊರಗೆ ಬರುವಷ್ಟರಲ್ಲಿ ಕೇಳಿಸಿಕೊಳ್ಳುವವನು ಮನೆ ಮುಟ್ಟಿರುತ್ತಾನೆ.

ಮುಂದಿನ ಶನಿವಾರ ಅವನು ಮತ್ತೆ ಓಡಿದ. ಮತ್ತೆ ಕಳೆದುಹೋದ.

"ಅದೇ ಆಫೀಸಾ?"

"ನೋ, ಇದು ದೊಡ್ಡ ಆಫೀಸು."

"ಸಣ್ಣ ಆಫೀಸಿನ ದಾರಿಯೇ ಗೊತ್ತಿಲ್ಲ, ದೊಡ್ಡದಕ್ಕೆ ಹೊರಟಿದ್ದಾನೆ!" ಅಂದೆ. ವನಿತಾ ಲೇನು ಬದಲಿಸುತ್ತಿದ್ದಳು, ಕೇಳಿಸಲಿಲ್ಲ.

ನಗಬೇಡಿ. ಕಳೆದುಹೋಗುವುದು ಎಂಥದು ಅಂತ ನನಗೆ ಗೊತ್ತುಂಟು. ಈ ದೇಶಕ್ಕೆ ಬಂದ ಮೊದಲ ಚಳಿಗಾಲ, ಕಸದ ಡಬ್ಬಿ ರಸ್ತೆಗೆ ಎಳೆದುಕೊಂಡು ಹೋದವಳು ತಿರುಗಿ ನೋಡಿದರೆ ನಮ್ಮ ಮನೆ ಇಲ್ಲ. ಮನೆ ಇತ್ತು, ಆದರೆ ಎಲ್ಲವೂ ನಮ್ಮ ಮನೆಯೇ. ನಾವಿರುವ ವಾನ್ ಊರಿನ ಹೊಸ ಬಡಾವಣೆ ನೋಡಿದವರಿಗೆ ಹೇಳಬೇಕಾಗಿಲ್ಲ: ಒಂದೇ ಇಟ್ಟಿಗೆ, ಒಂದೇ ಗರಾಜು ಬಾಗಿಲು, ಒಂದೇ ತರದ ಹಿಮದ ರಾಶಿ. ಒಂದು ಬಾಗಿಲು ನೂಕಿದೆ, ತೆರೆಯಿತು. ಒಳಗೆ ಸೋಫಾದಲ್ಲಿ ಕೂತು ಬೂಟು ಬಿಚ್ಚಿದೆ. ಆಗ ಅಡುಗೆಮನೆಯಿಂದ ಒಬ್ಬಳು ಪಂಜಾಬಿ ಹೆಂಗಸು ಕೈಯಲ್ಲಿ ಹಿಟ್ಟು ಮೆತ್ತಿಕೊಂಡು ಬಂದಳು. ಕಿರುಚಲಿಲ್ಲ. "ಬೈಠೋ ಜೀ, ಚಾಯ್ ಪಿಯೋಗೇ?" ಅಂತ ಕೇಳಿದಳು. ಅವಳೇ ಸುರ್ಜೀತ್, ಎದುರು ಮನೆಯವಳು. ಅಂದಿನಿಂದ ಸ್ನೇಹ. ಚಹಾ ಕುಡಿದ ಮೇಲೆಯೇ ನಾನು ಮನೆ ತಪ್ಪಿದೆ ಅಂತ ಹೇಳಿದ್ದು.

ಹೀಗಿರುವಾಗ ಒಂದು ದಿನ ದೇವಸ್ಥಾನದ ಕ್ಯಾಂಟೀನಿನಲ್ಲಿ ಬೆಂಗಳೂರಿನ ಸಾವಿತ್ರಮ್ಮನ ಹತ್ತಿರ ಈ ವಕೀಲಪ್ಪನ ವಿಷಯ ತೆಗೆದೆ. ಆಕೆ ಟೀಚರಾಗಿ ರಿಟೈರ್ ಆದವರು, ತಿಳಿದವರು.

"ಒಬ್ಬ ವಕೀಲ ಉಂಟು, ಸಾವಿತ್ರಮ್ಮ. ಎರಡು ವರ್ಷಕ್ಕೊಮ್ಮೆ ಆಫೀಸಿಗೆ ಓಡ್ತಾನೆ, ಪ್ರತಿ ಸಲ ಕಳೆದುಹೋಗ್ತಾನೆ."

ಸಾವಿತ್ರಮ್ಮ ಕನ್ನಡಕ ತೆಗೆದರು. "ಅಯ್ಯೋ ಪಾಪ. ಡಾಕ್ಟರಿಗೆ ತೋರಿಸಿದ್ರಂತಾ? ನಮ್ಮ ಯಜಮಾನ್ರಿಗೂ ಹೀಗೇ ಶುರುವಾಗಿದ್ದು. ಜೇಬಲ್ಲಿ ಒಂದು ಅಡ್ರೆಸ್ ಚೀಟಿ ಇಡೋಕೆ ಹೇಳಿ."

ವನಿತಾಳ ಗಂಟಲಲ್ಲಿ ಪುಳಿಯೋಗರೆ ಸಿಕ್ಕಿಕೊಂಡಿತು. ಕೆಮ್ಮಿ, ನೀರು ಕುಡಿದು, ಮೇಜಿಗೆ ಹಣೆ ಕೊಟ್ಟು ನಕ್ಕಳು. ಕಣ್ಣೀರು ಬರುವ ಹಾಗೆ ನಕ್ಕಳು.

"ಅತ್ತೆ! ಇಂಗ್ಲಿಷಲ್ಲಿ ಎಲೆಕ್ಷನ್‌ಗೆ ಓಡ್ತಾರೆ. ಆಫೀಸು ಅಂದ್ರೆ ಅಧಿಕಾರ. ಸೋಲೋದಕ್ಕೂ ಕಳೆದುಹೋಗೋದಕ್ಕೂ ಒಂದೇ ಪದ. ಅವನು ಎಲೆಕ್ಷನ್‌ಗೆ ನಿಂತ, ಸೋತ. ಅಷ್ಟೇ!"

ದಿಯಾ ಒಬ್ಬಳಿಗೇ ಅದರಲ್ಲಿ ನಗುವಂಥದ್ದು ಎಂತ ಅಂತ ತಿಳಿಯಲಿಲ್ಲ. "ದಟ್ಸ್ ವಾಟ್ ಐ ಸೆಡ್" ಅಂತ ಮುಖ ಊದಿಸಿದಳು.

"ಅದೆಂಥ ಭಾಷೆ?" ಅಂದೆ ನಾನು. "ಸೋತವನು ಮನೆಗೆ ಬರ್ತಾನೆ. ಕಳೆದುಹೋದವನು ಬರ್ತಾನಾ?"

ಇದನ್ನು ನಾನು ಈಗಲೂ ಒಪ್ಪುವುದಿಲ್ಲ. ನಮ್ಮಲ್ಲಿ ಚುನಾವಣೆಗೆ ನಿಲ್ಲುವುದು, ಗೆದ್ದರೆ ಕೂರುವುದು. ಇವರಿಗೆ ಓಡಬೇಕು. ಮತ್ತೆ ಯೋಚಿಸಿದರೆ ಓಟು ಅಂದ ಮೇಲೆ ಓಟ ಇರಲೇಬೇಕಲ್ಲ, ನಮ್ಮವರೇ ಮರೆತಿರಬೇಕು. ನಾನು ಸಣ್ಣವಳಿರುವಾಗ ನಮ್ಮೂರಲ್ಲಿ ಸೈಕಲ್ ಅಂಗಡಿಯ ಬಾಬಣ್ಣ ಪಂಚಾಯತಿಗೆ ನಿಂತಿದ್ದ. ಅವನ ಗುರುತು ಏಣಿ. ಓದು ಬಾರದ ಹೆಂಗಸರಿಗೆ ಗುರುತು ಮನಸ್ಸಲ್ಲಿ ಕೂರಬೇಕು ಅಂತ ನಿಜವಾದ ಬಿದಿರಿನ ಏಣಿಯನ್ನೇ ಹೆಗಲ ಮೇಲೆ ಹೊತ್ತು ಮನೆ ಮನೆಗೆ ಬಂದ. ಹೆಂಗಸರು ಬಿಡುತ್ತಾರಾ? "ಹೇಗೂ ಏಣಿ ತಂದಿದ್ದಿಯಲ್ಲ ಬಾಬಣ್ಣ, ಆ ಒಡೆದ ಹಂಚೊಂದು ಬದಲಿಸು." "ಹೇಗೂ ಹತ್ತಿದ್ದಿಯಲ್ಲ, ಆ ಜೇನುಗೂಡು ಯಾವ ಕಡೆ ಉಂಟು ನೋಡು." ನನ್ನ ಅಮ್ಮ ಮಾಡಿನ ಮೇಲೆ ಬಿದ್ದ ನನ್ನ ಚೆಂಡು ತೆಗೆಸಿದಳು, ಹುಣಸೆ ಕೊಯ್ಯಿಸಿದಳು. ಊರಿಡೀ ಸೋರುವ ಮಾಡು ಸರಿಯಾಯ್ತು. ಬಾಬಣ್ಣ ಸೋತ. "ಅವನು ಗೆದ್ದರೆ ಮತ್ತೆ ಏಣಿ ಹಿಡಿದುಕೊಂಡು ಬರ್ತಾನಾ?" ಅಂತ ಅಮ್ಮ ಹೇಳಿದ ನ್ಯಾಯ. ನನಗೆ ಆಗ ಅದು ಸರಿ ಅಂತ ಕಂಡಿತ್ತು.

ಸರಿ, ವಕೀಲಪ್ಪನಿಗೆ ಬರುತ್ತೇನೆ. ಅವನು ಓಡಿ ಕಳೆದುಹೋದ ಹುಚ್ಚ ಅಲ್ಲ, ನಿಂತು ಸೋತ ಮನುಷ್ಯ ಅಂತ ತಿಳಿದ ಮೇಲೆ ನನಗೆ ಶನಿವಾರ ಯಾವಾಗ ಬರುತ್ತದೋ ಅನ್ನಿಸತೊಡಗಿತು. ಬುಧವಾರಕ್ಕೇ "ಕಾರಿಗೆ ಪೆಟ್ರೋಲು ಉಂಟಾ?" ಅಂತ ಕೇಳುತ್ತಿದ್ದೆ.

ಅವನು ಕಾಲೇಜಿಗೆ ಹೋಗಲಿಲ್ಲ. ಊರಿನ ಹಳೇ ವಕೀಲನೊಬ್ಬನ ಕೋಣೆ ಗುಡಿಸಿ, ಒಲೆಗೆ ಸೌದೆ ಹಾಕಿ, ಅವನ ಪುಸ್ತಕ ಓದಿ ಕಾನೂನು ಕಲಿತ. ಆಗ ಅಲ್ಲಿ ಹಾಗೆಯೇ ಕಲಿಯುವುದಂತೆ. "ಆಮೇಲೆ ಅವನನ್ನು ಬಾರಿಗೆ ಸೇರಿಸಿದರು" ಅಂತ ದಿಯಾ. ಈಗ ನಾನು ಹುಷಾರು. "ಕುಡಿಯಲಿಕ್ಕಾ, ಕೋರ್ಟಿಗಾ?" ಅಂತ ಕೇಳಿ ಖಾತ್ರಿ ಮಾಡಿಕೊಂಡೆ. ಜಡ್ಜು ಕುದುರೆ ಮೇಲೆ ಊರೂರು ತಿರುಗುತ್ತಿದ್ದ, ವಕೀಲರು ಹಿಂದೆ ಹಿಂದೆ. ಛತ್ರದಲ್ಲಿ ಒಂದೇ ಮಂಚಕ್ಕೆ ಇಬ್ಬರು. ಬೆಳಿಗ್ಗೆ ಕೋರ್ಟಿನಲ್ಲಿ ಜಗಳ ಆಡುವವರು ರಾತ್ರಿ ಒಂದೇ ಕಂಬಳಿ ಎಳೆದಾಡುವುದು. ನಮ್ಮ ಕೂಡುಕುಟುಂಬ ಇದೇ ಅಲ್ಲವಾ?

ವಕೀಲಪ್ಪ ಕುಳ್ಳ. ಕಡಿದ ಮರದ ಬುಡ ಹತ್ತಿ ನಿಂತು ಭಾಷಣ ಮಾಡಬೇಕು. ಅದರ ಮೇಲೆ ತೊದಲು. ಅವನು ಒಂದು ಮಾತಿನಲ್ಲಿ ಸಿಕ್ಕಿಬಿದ್ದರೆ ಕೆಳಗಿನ ಪುಂಡರು ಆ ಮಾತನ್ನು ತಾವೇ ಮುಗಿಸಿಕೊಡುವುದಂತೆ. ಅವನು "ನ್... ನ್..." ಅಂದರೆ ಇವರು "ನಾಯಿ!" ಅನ್ನುವುದು. ಅವನು ಕಾಯುತ್ತಿದ್ದ. ಅವರು ನಕ್ಕು ಸುಸ್ತಾದ ಮೇಲೆ "ನ್ಯಾಯ" ಅಂತ ಮುಗಿಸುತ್ತಿದ್ದ. ಇದನ್ನು ದಿಯಾ ಹೇಗೋ ಕನ್ನಡಕ್ಕೆ ತಿರುಗಿಸಿ ಹೇಳಿದ್ದು. ಇಂಗ್ಲಿಷಿನಲ್ಲಿ ಬೇರೆ ನಾಯಿ ಇರಬೇಕು.

ಒಂದು ಸಲ ಮಾತ್ರ ಗೆದ್ದ. "ಅಜ್ಜಿ, ಅವನು ಕೆಳಗಿನ ಮನೆಗೆ ಹೋದ!"

"ಬೇಸ್‌ಮೆಂಟಿಗಾ?" ನಾನು ಇರುವುದೂ ಅಲ್ಲಿಯೇ.

"ಅದು ವಿಧಾನಸಭೆ ಅತ್ತೆ" ಅಂತ ವನಿತಾ ಸ್ಟೇರಿಂಗ್ ಹಿಡಿದುಕೊಂಡೇ ನಕ್ಕಳು.

ಕೆಳಗಿನ ಮನೆಯಲ್ಲಿ ಇದ್ದಾಗಲೇ ಆ ಕೇಸು ಬಂದದ್ದು. ಅದನ್ನು ಹೇಳುವ ಮೊದಲು ನಮ್ಮ ಒಂದು ಕೇಸು ಹೇಳಬೇಕು, ಇಲ್ಲದಿದ್ದರೆ ನಿಮಗೆ ಮುಂದಿನದು ತಿಳಿಯುವುದಿಲ್ಲ.

ಬಡಾವಣೆ ಬೆಳೆದಷ್ಟು ನಮ್ಮ ಶಾಲೆ ಬೆಳೆಯಲಿಲ್ಲ. ಜಾಗ ಸಾಲದೆ ಮೈದಾನದಲ್ಲಿ ತಗಡಿನ ದೊಡ್ಡ ಪೆಟ್ಟಿಗೆಗಳನ್ನು ತಂದಿಟ್ಟು ಅದರೊಳಗೆ ಕ್ಲಾಸು ಮಾಡುತ್ತಾರೆ. ಪೋರ್ಟಬಲ್ ಅನ್ನುತ್ತಾರೆ. ದಿಯಾಳದು ಕೊನೆಯ ಪೆಟ್ಟಿಗೆ. ಅದರೊಳಗೆ ಕಕ್ಕಸು ಇಲ್ಲ. ಹೋಗಬೇಕಾದರೆ ಬೂಟು ಹಾಕಿ, ಕೋಟು ಹಾಕಿ, ಮೈದಾನ ದಾಟಿ, ದೊಡ್ಡ ಕಟ್ಟಡದ ಬೆಲ್ಲು ಒತ್ತಿ, ಯಾರಾದರೂ ಬಂದು ಬಾಗಿಲು ತೆಗೆಯುವ ತನಕ ಹಿಮದಲ್ಲಿ ನಿಲ್ಲಬೇಕು. ಫೆಬ್ರವರಿಯಲ್ಲಿ ಒಂದು ಮಗು ಬಾಗಿಲ ಹತ್ತಿರವೇ ಚಡ್ಡಿಯಲ್ಲಿ ಮಾಡಿಕೊಂಡಿತು. ಆ ಚಳಿಯಲ್ಲಿ. ವನಿತಾ ಶಾಲೆಗಳ ಮಂಡಳಿಯ ಸಭೆಗೆ ಹೋಗಿ ಕೇಳಿದಳು. "ಇದು ತಾತ್ಕಾಲಿಕ" ಅಂದರಂತೆ. ಪೆಟ್ಟಿಗೆ ನಿಂತಲ್ಲಿ ಹುಲ್ಲು ಬೆಳೆದು ಸೊಂಟಕ್ಕೆ ಬಂದಿದೆ, ಆದರೂ ತಾತ್ಕಾಲಿಕ. ಹೊರಗೆ ಬರುವಾಗ ಯಾರೋ, "ನಿಮಗೆ ಅಷ್ಟು ಕಾಳಜಿ ಇದ್ದರೆ ನೀವೇ ಓಡಿ" ಅಂದನಂತೆ. ಅವನು ಹೇಳಿದ್ದು ಚುನಾವಣೆಗೆ. ಇವಳು ಮನೆಗೆ ಬಂದು ಸುಮ್ಮನೆ ಪಾತ್ರೆ ತೊಳೆದಳು.

ಈಗ ವಕೀಲಪ್ಪನ ಕೇಸು. ಒಬ್ಬಳು ಕಪ್ಪು ಹೆಂಗಸು, ಚಾಕರಿ ತಪ್ಪಿಸಿಕೊಂಡು ಸರೋವರದ ಆಚೆ ದಡದ ತನಕ ಬಂದಿದ್ದಾಳೆ. ದೋಣಿ ಹತ್ತಿದರೆ ಈಚೆ ಕಡೆ, ನಾವಿರುವ ಕಡೆ. ಹತ್ತುವ ಮೊದಲೇ ಧಣಿಯ ಆಳುಗಳು ಬಂದು, ಇವಳು ನಮ್ಮ ಸೊತ್ತು ಅಂತ ಕಾಗದ ಹಿಡಿದು ಕೋರ್ಟಿನಲ್ಲಿ ನಿಂತರು. ಹೆಂಗಸಿನ ಕಡೆಗೆ ವಕೀಲಪ್ಪ. ಕಾಗದ ಸರಿಯಾಗಿತ್ತಂತೆ, ಕಾನೂನು ಅವರ ಕಡೆಗೇ ಇತ್ತಂತೆ. ಜಡ್ಜು ತೀರ್ಪು ಕೊಡುವುದೊಂದೇ ಬಾಕಿ. ಹೆಂಗಸು ಊಟಕ್ಕೆ ಅಂತ ಪಕ್ಕದ ಕೋಣೆಯಲ್ಲಿ. ಆ ಕೋಣೆಗೆ ಹಿಂದೆ ಒಂದು ಬಾಗಿಲು. ದೋಣಿ ಬಿಡುವುದು ಸಂಜೆಗೆ. ವಕೀಲಪ್ಪ ಎದ್ದು ನಿಂತು ಮಾತು ಶುರು ಮಾಡಿದ.

ಮಾತು ಶುರು ಮಾಡಿದ್ದು ಅಷ್ಟೇ ಮಾರಾಯ್ರೆ, ಮುಗಿಸಲಿಲ್ಲ! ತೊದಲು. ಒಂದೊಂದು ಮಾತಿಗೆ ಒಂದೊಂದು ಯುಗ. ಜಡ್ಜು ಬೆವರು ಒರೆಸುತ್ತಾನೆ. ತೊದಲುವವನನ್ನು ನಡುವಿನಲ್ಲಿ ತಡೆಯುವುದು ಮರ್ಯಾದೆ ಅಲ್ಲ ಅಂತ ಕೂತಿದ್ದಾನೆ. ಅವತ್ತು ಪುಂಡರೂ ಮಾತು ಮುಗಿಸಿಕೊಡುವುದಿಲ್ಲ, ಅವರಿಗೂ ವಿಷಯ ಗೊತ್ತಾಗಿದೆ.

ಅಷ್ಟರಲ್ಲಿ ಕಾರು ದೇವಸ್ಥಾನದ ಪಾರ್ಕಿಂಗಿಗೆ ಬಂತು. ವನಿತಾ ಕೀ ತಿರುಗಿಸಲು ಕೈ ಹಾಕಿದಳು.

"ಮುಟ್ಟಬೇಡ!" ಅಂತ ಕೂಗಿದೆ. "ದೋಣಿ ಹೋಯ್ತಾ? ದಿಯಾ, ದೋಣಿ ಹೋಯ್ತಾ ಕೇಳು!"

"ಅಜ್ಜಿ, ಇಟ್ಸ್ ಎ ರೆಕಾರ್ಡಿಂಗ್, ಐ ಕಾಂಟ್ ಆಸ್ಕ್..."

"ಹಾಗಾದರೆ ಬಾಯಿ ಮುಚ್ಚಿ ಕೇಳು!"

ಮಂಗಳಾರತಿಯ ಗಂಟೆ ಬಾರಿಸಿತು. ನಾನು ಇಳಿಯಲಿಲ್ಲ. ಹಿಂದಿನ ಕಾರಿನವನು ಹಾರ್ನ್ ಹೊಡೆದ. ನಾನು ಕಿಟಕಿ ಇಳಿಸಿ ತುಳುವಿನಲ್ಲಿ ಎರಡು ಮಾತು ಹೇಳಿದೆ, ಅವನಿಗೆ ಅರ್ಥವಾಯಿತು ಅಂತ ಕಾಣುತ್ತದೆ, ಸುಮ್ಮನಾದ. ಅಷ್ಟರಲ್ಲಿ ಹಿಂದಿನಿಂದ ದಿಯಾ ಸೀಟಿಗೆ ಕಾಲು ಕೊಟ್ಟು ಕುಣಿದಳು: "ಹೋಯ್ತು! ಅಜ್ಜಿ, ಬೋಟು ಹೋಯ್ತು! ಶಿ ಮೇಡ್ ಇಟ್!" ನಾನು ಚಪ್ಪಾಳೆ ತಟ್ಟಿದೆ. ಕನ್ನಡಕ ಕೆಳಗೆ ಬಿತ್ತು. ಇಷ್ಟು ವರ್ಷ ದೇವರ ಮುಂದೆ ನಿಂತು ಅಷ್ಟು ಗಟ್ಟಿಯಾಗಿ ಚಪ್ಪಾಳೆ ತಟ್ಟಿದ ನೆನಪಿಲ್ಲ.

ವನಿತಾ ಮಾತ್ರ ಸ್ಟೇರಿಂಗ್ ಹಿಡಿದೇ ಕೂತಿದ್ದಳು.

"ಅತ್ತೆ, ನಾನು ಟ್ರಸ್ಟಿ ಎಲೆಕ್ಷನ್‌ಗೆ ನಿಲ್ಲಲಾ?"

ನಮ್ಮಲ್ಲಿ ದೇವಸ್ಥಾನಕ್ಕೆ ಟ್ರಸ್ಟಿ ಇರುವ ಹಾಗೆ ಇಲ್ಲಿ ಶಾಲೆಗಳ ಮಂಡಳಿಗೆ ಟ್ರಸ್ಟಿ, ಅದಕ್ಕೆ ಓಟು.

"ನಿಲ್ಲುವುದು ಎಂತಕ್ಕೆ? ಇಲ್ಲಿ ಓಡಬೇಕಂತಲ್ಲ. ಓಡು."

ಹರೀಶ ಹೆದರುಪುಕ್ಕಲ, ಅಪ್ಪನ ಹಾಗೆ. "ಅಮ್ಮ, ನಮಗೆ ಯಾಕೆ ಇದೆಲ್ಲ? ಇವಳ ಹೆಸರು ಹೇಳಲಿಕ್ಕೆ ಬರ್ತದಾ ಅವರಿಗೆ?" ಅಂದ.

"ನನಗೆ ಆ ವಕೀಲನ ಹೆಸರು ಹೇಳಲಿಕ್ಕೆ ಬರ್ತದಾ? ಮರೆತಿದ್ದೇನಾ?"

ಬೋರ್ಡು ಬಂತು, ಚೀಟಿ ಬಂತು. ಸಂಜೆ ಸಂಜೆ ವನಿತಾ ಮನೆ ಮನೆಗೆ ಹೊರಟಳು, ಜೊತೆಗೆ ನಾನು. ಇಲ್ಲಿಯ ಬಾಗಿಲಿನ ಬೆಲ್ಲಿಗೆ ಕಣ್ಣು ಉಂಟು. ಒಳಗಿನವರು ಸೋಫಾದಲ್ಲೇ ಕೂತು ಫೋನಿನಲ್ಲಿ ನಮ್ಮನ್ನು ನೋಡಿ, ಎಂತದೋ ಮಾರಲು ಬಂದಿದ್ದಾರೆ ಅಂತ ಸುಮ್ಮನಿರುವುದು. ವನಿತಾ ಆ ಕಣ್ಣಿಗೆ ನಗುತ್ತಾ ಹತ್ತು ಮನೆಗೆ ಇಂಗ್ಲಿಷಿನಲ್ಲಿ ಹೇಳಿದಳು. ಒಂದು ಬಾಗಿಲೂ ತೆರೆಯಲಿಲ್ಲ. ಅಷ್ಟರಲ್ಲಿ ನನಗೆ ಅರ್ಜೆಂಟಾಯ್ತು. ವಯಸ್ಸು, ಎಂತ ಮಾಡುವುದು? ಮುಂದಿನ ಮನೆಯ ಬೆಲ್ಲಿಗೆ ಬಾಯಿ ಕೊಟ್ಟು ನನಗೆ ಬರುವ ಇಂಗ್ಲಿಷಿನಲ್ಲಿ "ಪ್ಲೀಸ್, ಟಾಯ್ಲೆಟ್!" ಅಂದೆ.

ಬಾಗಿಲು ತಟ್ಟನೆ ತೆರೆಯಿತು! ಒಳ್ಳೆಯ ಚೀನೀ ಹೆಂಗಸು, ಕೈ ಹಿಡಿದು ಕರೆದುಕೊಂಡು ಹೋದಳು. ನಾನು ಮುಗಿಸಿ ಬರುವಷ್ಟರಲ್ಲಿ ವನಿತಾ ಒಳಗೆ ನಿಂತಿದ್ದಾಳೆ, ಮುಖ ಕೆಂಪು. ಹೇಗೂ ಒಳಗೆ ಬಂದಾಯ್ತಲ್ಲ. "ಇವರ ಮೊಮ್ಮಗಳು ಇದಕ್ಕೆ ಹಿಮದಲ್ಲಿ ಮೈದಾನ ದಾಟಿ ಹೋಗ್ಬೇಕು" ಅಂತ ಶುರು ಮಾಡಿದಳು. ಆ ಹೆಂಗಸಿನ ಮಗನೂ ಪೆಟ್ಟಿಗೆಯಲ್ಲೇ. ಅರ್ಧ ಗಂಟೆ ಮಾತಾಯ್ತು. ಹೊರಡುವಾಗ ಬೋರ್ಡು ತಾನೇ ಕೇಳಿ ಇಸಕೊಂಡು ಹುಲ್ಲಿಗೆ ಚುಚ್ಚಿದಳು.

ಹೊರಗೆ ಬಂದ ಮೇಲೆ ವನಿತಾ, "ಅತ್ತೆ, ದಯವಿಟ್ಟು ಇನ್ನೊಂದು ಸಲ ಹೀಗೆ ಮಾಡ್ಬೇಡಿ" ಅಂದಳು.

ಮುಂದಿನ ರಸ್ತೆಯಲ್ಲಿ ಮತ್ತೆ ಬಾಗಿಲು ತೆರೆಯಲಿಲ್ಲ. ಅವಳು ನನ್ನ ಮುಖ ನೋಡಿದಳು. ನಾನು ಆಕಾಶ ನೋಡಿದೆ.

"ಬರ್ತಿದೆಯಾ ಅತ್ತೆ?" ಅಂತ ಮೆಲ್ಲಗೆ ಕೇಳಿದಳು.

"ಬರಿಸಿದರೆ ಬರ್ತದೆ."

ಆ ತಿಂಗಳು ನಾನು ಉಪಯೋಗಿಸಿದಷ್ಟು ಕಕ್ಕಸು ಈ ಊರಿನಲ್ಲಿ ಯಾರೂ ಉಪಯೋಗಿಸಿರಲಿಕ್ಕಿಲ್ಲ. ಗುಜರಾತಿಗಳದು ಸುವಾಸನೆ. ಇಟಲಿಯ ಒಬ್ಬ ಮುದುಕ ತನ್ನ ಕಕ್ಕಸಿನ ಹೊಸ ಟೈಲು ತೋರಿಸಿಯೇ ಬಿಡಲಿಲ್ಲ, ಅವನೇ ಹಾಕಿದ್ದಂತೆ. ಸುರ್ಜೀತ್ ತನ್ನ ಗುರುದ್ವಾರದ ಹೆಂಗಸರಿಗೆಲ್ಲ, "ಮಾತಾಜೀ ಟಾಯ್ಲೆಟ್‌ವಾಲೀ ಬರ್ತಾರೆ, ಬಾಗಿಲು ತೆಗೀರಿ" ಅಂತ ಅವಳ ಭಾಷೆಯಲ್ಲಿ ಸುದ್ದಿ ಕಳಿಸಿದಳು. ಆ ಹೆಸರು ನನಗೆ ಹಾಗೇ ಉಳಿಯಿತು. ಉಳಿಯಲಿ.

ಎದುರಾಳಿ ಒಬ್ಬನೇ, ಮೊದಲಿನಿಂದ ಆ ಜಾಗದಲ್ಲಿ ಕೂತವನು. ನಾನು ಅವನಿಗೆ ಕೂತವನು ಅಂತಲೇ ಹೆಸರಿಟ್ಟೆ. ಉದ್ದ ಮನುಷ್ಯ, ಬಿಳಿ ತಲೆ, ಮಾತು ಬೆಣ್ಣೆ. ಲೈಬ್ರರಿಯ ಹಾಲಿನಲ್ಲಿ ಇಬ್ಬರನ್ನೂ ಕೂರಿಸಿ ಜನರ ಎದುರು ಮಾತಾಡಿಸಿದರು. ಕೂತವನು ನಿಂತು ಎಲ್ಲರನ್ನೂ ನಗಿಸಿದ. ವನಿತಾಳ ಸರದಿ ಬಂದಾಗ ಅವಳ ಸ್ವರ ಸಣ್ಣಗಾಯಿತು. ಮನೆಯಲ್ಲಿ ನನ್ನನ್ನು ತಿದ್ದುವ ಆ ಬಾಯಿ ಎಲ್ಲಿ ಹೋಯಿತೋ. ನಮಸ್ಕಾರ, ಹೆಸರು, ಎಲ್ಲಿಂದ ಬಂದದ್ದು, ಇಷ್ಟು ಹೇಳುವಷ್ಟರಲ್ಲಿ ಹೊತ್ತು ಮುಗಿಯಿತು ಅಂತ ಗಂಟೆ ಬಾರಿಸಿದರು. ಕಕ್ಕಸಿನ ವಿಷಯ ಬಾಯಲ್ಲೇ ಉಳಿಯಿತು. ಕಾರಿನಲ್ಲಿ ಮೂಗು ಒರೆಸಿಕೊಂಡು ಶೀತ ಅಂದಳು. ನಾನು ಹೂಂ ಅಂದೆ.

ಓಟಿನ ದಿನ ಸಂಜೆ ಎಲ್ಲ ಅಡುಗೆಮನೆಯಲ್ಲಿ ಲ್ಯಾಪ್‌ಟಾಪಿನ ಸುತ್ತ. ಸುರ್ಜೀತ್ ಪಕೋಡಾ ತಂದಿದ್ದಳು. ಒಮ್ಮೆ ಇವಳು ಮುಂದೆ, ಒಮ್ಮೆ ಅವನು ಮುಂದೆ. ಹರೀಶ ಉಗುರು ಕಚ್ಚುತ್ತಾ, "ಅಮ್ಮ, ಗೆಲ್ತಾಳಾ?" ಅಂತ ನನ್ನನ್ನು ಕೇಳುತ್ತಾನೆ, ನಾನು ಎಣಿಸುವವಳ ಹಾಗೆ. ಪಕೋಡಾ ಬಾಯಿಗೆ ಹಾಕಿದ್ದು ನುಂಗಲು ಮರೆತೆ. ಕಡೆಗೆ ದಿಯಾ ಪರದೆಯಿಂದ ಮುಖ ಎತ್ತಿದಳು.

"ಅಮ್ಮ ಕಳೆದುಹೋದಳು."

"ಎಲ್ಲಿ ಕಳೆದುಹೋದಳು? ಇಲ್ಲೇ ಇದ್ದಾಳೆ" ಅಂದೆ. ವನಿತಾ ನಗಲು ನೋಡಿದಳು. ಆಗಲಿಲ್ಲ. ಪಕೋಡಾದ ತಟ್ಟೆ ಎತ್ತಿಕೊಂಡು ಸಿಂಕಿನ ಹತ್ತಿರ ಹೋಗಿ ನಿಂತಳು.

ಸ್ವಲ್ಪದರಲ್ಲಿ ಸೋತದ್ದು. ಸ್ವಲ್ಪವೋ ತುಂಬವೋ, ಮೈದಾನ ಅಷ್ಟೇ ಅಗಲ, ಕಕ್ಕಸು ಅಷ್ಟೇ ದೂರ.

ವಕೀಲಪ್ಪನದೂ ಹಾಗೇ ಆಯ್ತಂತೆ. ದೋಣಿ ಬಿಟ್ಟ ಮೇಲಿನ ಚುನಾವಣೆಯಲ್ಲಿ ಅವನನ್ನು ನೆಲಕ್ಕೆ ಹಾಕಿದರು. ಮತ್ತೆ ನಿಂತ, ಮತ್ತೆ ಸೋತ. ಮರುದಿನ ಬೆಳಿಗ್ಗೆ ಎದ್ದು ಕೋರ್ಟಿಗೆ ಹೋದ. ಮುದುಕನಾದ, ಸತ್ತ. ಉಳಿದ ಭಾಗ ಕೇಳಿ ಮುಗಿಸಿದ ದಿನ ದಿಯಾ, "ದಟ್ಸ್ ಇಟ್?" ಅಂತ ಬೇಜಾರು ಮಾಡಿಕೊಂಡಳು. "ಮತ್ತೆಂತ? ಎಲ್ಲರೂ ಸಾಯ್ತಾರೆ. ಆ ಹೆಂಗಸು ಈಚೆ ಬಂದಳಲ್ಲ" ಅಂದೆ.

ಹೀಗೆ ಎಲ್ಲ ಮುಗಿಯಿತು ಅಂತ ಇರುವಾಗ ನವೆಂಬರಿನ ಒಂದು ಭಾನುವಾರ, ನೀರುಹಿಮ ಸುರಿಯುತ್ತಿರುವಾಗ, ಬೆಲ್ಲಾಯಿತು. ಕೂತವನು! ಒಬ್ಬನೇ. ಚೆನ್ನಾಗಿ ಹೋರಾಡಿದಿರಿ ಅಂತ ವನಿತಾಳ ಕೈ ಕುಲುಕಲು ಬಂದದ್ದಂತೆ. ಇಲ್ಲಿ ಅದೊಂದು ಪದ್ಧತಿ, ಒಳ್ಳೆಯದೇ. ನಮ್ಮಲ್ಲಿಯೂ ಒಂದು ಪದ್ಧತಿ ಉಂಟು: ಮನೆಗೆ ಬಂದವರಿಗೆ ಬೇಡ ಅಂದರೂ ಕೊಡುವುದು. ವನಿತಾಳ ಮೈಸೂರು ಡಿಕಾಕ್ಷನ್ನಿನ ಕಾಫಿ ದೊಡ್ಡ ಲೋಟದಲ್ಲಿ ಕೊಟ್ಟೆ. ಕುಡಿದ, ಹೊಗಳಿದ. ಇನ್ನೊಂದು ಕೊಟ್ಟೆ. ಮೊದಲಿನದು ಮರ್ಯಾದೆಗೆ. ಎರಡನೆಯದರಲ್ಲಿ ಸ್ವಲ್ಪ ಉದ್ದೇಶ ಇತ್ತು. ನಂತರ ನೀರು ಕೊಟ್ಟೆ. ವನಿತಾ ಹವಾಮಾನ ಮಾತಾಡುತ್ತಿದ್ದಾಳೆ, ಅವನೂ ಹವಾಮಾನ ಮಾತಾಡುತ್ತಿದ್ದಾನೆ, ನಾನು ಅವನ ಮೊಣಕಾಲು ನೋಡುತ್ತಿದ್ದೇನೆ. ಕಡೆಗೆ ಮೊಣಕಾಲು ಅಲ್ಲಾಡಿತು.

ವಾಷ್‌ರೂಮ್ ಎಲ್ಲಿ ಅಂತ ನಾಜೂಕಾಗಿ ಕೇಳಿದ. ಆ ಮಾತು ನನಗೆ ಬರುತ್ತದೆ. ಎದ್ದು ಅವನ ಕೋಟು ತಂದು ಕೈಗೆ ಕೊಟ್ಟೆ. ಬೂಟು ತೋರಿಸಿದೆ. ಬಾಗಿಲು ತೆರೆದು, ರಸ್ತೆಯ ಆಚೆ ಸುರ್ಜೀತಳ ಮನೆಗೆ ಬೆರಳು ಮಾಡಿದೆ. "ಬೆಲ್ ಒತ್ತಿ ಕಾಯಲಿಕ್ಕೆ ಹೇಳು" ಅಂತ ದಿಯಾಳಿಗೆ ಹೇಳಿದೆ. ಅವಳು ಇಂಗ್ಲಿಷಿನಲ್ಲಿ ಹೇಳಿಯೇಬಿಟ್ಟಳು.

"ಅತ್ತೆ!" ವನಿತಾ ಎದ್ದು ನಿಂತಳು. ನಮ್ಮ ಕಕ್ಕಸು ಅಲ್ಲಿಯೇ ಮೆಟ್ಟಿಲ ಹತ್ತಿರ, ಬಾಗಿಲು ತೆರೆದೇ ಇತ್ತು, ಅವನಿಗೂ ಕಾಣುತ್ತಿತ್ತು.

ಅವನು ಅದನ್ನು ನೋಡಿದ. ನನ್ನನ್ನು ನೋಡಿದ. ರಸ್ತೆ ನೋಡಿದ. ಆಮೇಲೆ ಕೋಟು ಹಾಕಿಕೊಂಡ! ಅಷ್ಟು ಉದ್ದದ ಮನುಷ್ಯ ಬಗ್ಗಿ ಬೂಟಿನ ದಾರ ಕಟ್ಟಿಕೊಂಡು, ತಲೆ ತಗ್ಗಿಸಿ ನೀರುಹಿಮದಲ್ಲಿ ರಸ್ತೆ ದಾಟಿದ. ನಾವು ಮೂವರೂ ಕಿಟಕಿಗೆ ಅಂಟಿಕೊಂಡೆವು. ಬೆಲ್ಲು ಒತ್ತಿದ. ಸುರ್ಜೀತ್ ಬೇಗ ತೆಗೆಯಲಿಲ್ಲ, ಬಾತ್‌ರೂಮಿನಲ್ಲಿ ಇದ್ದಳಂತೆ. ನಾನು ಹೇಳಿಕೊಟ್ಟದ್ದಲ್ಲ, ದೇವರಾಣೆ. ಅವನು ಒಂದು ಕಾಲಿನಿಂದ ಇನ್ನೊಂದು ಕಾಲಿಗೆ ಭಾರ ಹಾಕುತ್ತಾ ನಿಂತ.

ತಿರುಗಿ ಬಂದಾಗ ತಲೆ ಒದ್ದೆ, ಪ್ಯಾಂಟಿನ ತುದಿ ಒದ್ದೆ. ವನಿತಾ ಕ್ಷಮೆ ಕೇಳುತ್ತಾಳೆ ಅಂತ ಕಾದೆ. ಕೇಳಲಿಲ್ಲ. ಟವೆಲ್ಲು ಕೊಟ್ಟಳು, ಕೊಟ್ಟು ಮಾತು ಶುರು ಮಾಡಿದಳು. ಇಂಗ್ಲಿಷಿನಲ್ಲಿ, ಆದರೆ ನನಗೆ ಕೈ ನೋಡಿಯೇ ತಿಳಿಯಿತು: ಇದು ಒಂದು ರಸ್ತೆ ಅಷ್ಟೇ, ಅದು ಇಡೀ ಮೈದಾನ. ಇಲ್ಲಿ ಒಬ್ಬರು ದೊಡ್ಡವರು, ಅಲ್ಲಿ ಪೆಟ್ಟಿಗೆ ತುಂಬ ಮಕ್ಕಳು. ಸ್ವರ ಸಣ್ಣಗಾಗಲಿಲ್ಲ. ಇಲ್ಲಿ ಗಂಟೆ ಬಾರಿಸುವವರೂ ಇರಲಿಲ್ಲ. ಅವನು ಟವೆಲ್ಲು ಹಿಡಿದುಕೊಂಡು ನಿಂತೇ ಕೇಳಿದ.

ಮುಗಿದ ಮೇಲೆ ನಾನು ಚೆಂಬು ಎತ್ತಿ, ಇನ್ನೊಂದು ಲೋಟ ಕಾಫಿ ಹಾಕಲಾ ಅಂತ ಸನ್ನೆ ಮಾಡಿದೆ. ಅವನು ಗಡಬಡಿಸಿ ಲೋಟದ ಮೇಲೆ ಅಂಗೈ ಮುಚ್ಚಿದ. ಬೇಡ.

ದಿಯಾ ಆ ಕೈಯನ್ನು ನೋಡಿ ಹೇಳಿದಳು, "ಐ ಡೂ ದಟ್ ಟೂ." ಆಮೇಲೆ ನನಗಾಗಿ ಕನ್ನಡದಲ್ಲಿ, ತಪ್ಪಿಲ್ಲದ ಕನ್ನಡದಲ್ಲಿ: "ಸ್ಕೂಲಲ್ಲಿ ನಾನೂ ನೀರು ಕುಡಿಯೋದಿಲ್ಲ ಅಜ್ಜಿ. ನಾವು ಯಾರೂ ಕುಡಿಯೋದಿಲ್ಲ."

ಅದು ನನಗೂ ಗೊತ್ತಿರಲಿಲ್ಲ. ಅವಳ ಅಮ್ಮನಿಗೂ ಗೊತ್ತಿರಲಿಲ್ಲ. ನಾನು ಚೆಂಬು ಕೆಳಗಿಟ್ಟೆ.

ಕೂತವನು ಲೋಟದ ಮೇಲಿನಿಂದ ಕೈ ತೆಗೆದ. ಒದ್ದೆ ಕೋಟು ಬಿಚ್ಚಿ ಕುರ್ಚಿಗೆ ಹಾಕಿದ. ಅಮ್ಮನ ಹತ್ತಿರ ಅಲ್ಲ, ದಿಯಾಳ ಹತ್ತಿರ ಕುರ್ಚಿ ಎಳೆದುಕೊಂಡು ಕೂತು, "ಟೆಲ್ ಮಿ" ಅಂದ.

ಅಷ್ಟು ಇಂಗ್ಲಿಷು ನನಗೂ ಬರುತ್ತದೆ.